ವಸಂತಿ ಟೀಚರ್ ಬರೆದ ನಲವತ್ತೇಳು

ವಸಂತಿ ಟೀಚರ ತುಟಿಗಳು ಸುಮ್ಮನಿದ್ದುದನ್ನು ನಾನು ನೋಡಿಲ್ಲ. ಮುಂಬಯಿ ಬಳಿಯ ಡೊಂಬಿವಲಿಯ ಪ್ಲಾಟ್‌ಫಾರ್ಮಿನಲ್ಲಿ, ಲೋಕಲ್ ರೈಲಿನ ಲೇಡೀಸ್ ಡಬ್ಬಿಯಲ್ಲಿ, ಶಾಲೆಯ ಪ್ರಾರ್ಥನೆಯ ಸಾಲಿನಲ್ಲಿ ಅವರು ತಲೆ ಎಣಿಸುತ್ತಲೇ ಇರುತ್ತಿದ್ದರು. ಕೊನೆ ಮುಟ್ಟಿದ ಮೇಲೆ ಮತ್ತೆ ಮೊದಲಿನಿಂದ. "ಒಂದು ಬಿಟ್ಟುಹೋಯ್ತು ಅಂತ ಕಾಣ್ತದೆ ಮಾರಾಯ್ತಿ." ಜನಗಣತಿಗೆ ಮೊದಲೂ ಹೀಗೆಯೇ ಇದ್ದರೋ, ಆಮೇಲೆ ಹೀಗಾದರೋ, ಹೇಳಲಾರೆ. ಆಮೇಲಿನ ಚಟವನ್ನು ನನ್ನ ನೆನಪು ಹಿಂದಕ್ಕೂ ಬಳಿದಿರಬಹುದು.

ಅವರು ಉಡುಪಿಯ ಕಡೆಯವರು. ಇಬ್ಬರೂ ಒಂದೇ ಕನ್ನಡ ಶಾಲೆಯಲ್ಲಿ ಕಲಿಸುತ್ತಿದ್ದೆವು. 2010ರ ಬೇಸಿಗೆಯಲ್ಲಿ ಅವರಿಗೆ ಗಣತಿಯ ಕೆಲಸ ಬಿತ್ತು. ಕಲ್ಯಾಣದ ಆಚೆಗಿನ ಒಂದು ಹಳ್ಳಿ. ಆಗಿನ್ನೂ ಗ್ರಾಮ ಪಂಚಾಯತಿ. ಅರ್ಧ ಭತ್ತದ ಗದ್ದೆ, ಅರ್ಧ ಏಳುತ್ತಿರುವ ಬಿಲ್ಡಿಂಗು, ನಡುವೆ ಕಲಬುರಗಿಯಿಂದ ಬಂದ ಕೂಲಿಯವರ ತಗಡಿನ ಗುಡಿಸಲುಗಳು. ಪಂಚಾಯತಿಯ ರಿಜಿಸ್ಟರಿನಲ್ಲಿ ಈ ಗುಡಿಸಲುಗಳೇ ಇರಲಿಲ್ಲ. "ನಿನ್ನ ಅಪ್ಪನ ಊರಿನವರಲ್ವಾ, ನೀನೂ ಬಾ" ಎಂದು ನನ್ನನ್ನು ಎಳೆದುಕೊಂಡು ಹೋದರು. ಈಗ ಮನೆಗಳಿಗೆ ನಂಬರು ಹಾಕುವುದು, ಫೆಬ್ರವರಿಯಲ್ಲಿ ಮತ್ತೆ ಬಂದು ಜನರನ್ನು ಬರೆದುಕೊಳ್ಳುವುದು.

ನಲವತ್ತೇಳನೆಯದು ಮಲ್ಲವ್ವನ ಗುಡಿಸಲು. ಮನೆಯಲ್ಲಿ ಐದು ಜನ. ಟೀಚರ್ ಕೆಮ್ಮಣ್ಣಿಗೆ ಕುಂಚ ಅದ್ದಿದ್ದೇ ಆಕೆ ಬಾಗಿಲಿಗೆ ಅಡ್ಡ ನಿಂತಳು.

"ಇಲ್ಲಿ ಬರಕೊಂಡ್ರ ಊರಾಗ ರೇಷನ್ ಕಾರ್ಡಿನ್ಯಾಗ ನಮ್ಮ ಹೆಸರು ಕಟ್ ಆಗ್ತಾವ್ರಿ ಅಕ್ಕೋರೆ."

"ಎಂತ ಕಟ್ಟೂ ಆಗುದಿಲ್ಲ. ಈ ನಂಬರ್ ನಿಮ್ಮದು. ಇದಿದ್ರೆ ನೀವು ಇದ್ದೀರಿ ಅಂತ ಸರ್ಕಾರಕ್ಕೆ ಗೊತ್ತಾಗ್ತದೆ."

"ಪಾಠ ಓದಿದಂಗ ಮಾತಾಡ್ತೀರಲ್ರಿ! ಖರೇನೋ ಸುಳ್ಳೋ ತಿಳಿಯಂಗೇ ಇಲ್ಲ," ಎಂದು ನಕ್ಕು ಮಲ್ಲವ್ವ ಸರಿದು ನಿಂತಳು.

ವಾಪಸು ಬರುವಾಗ ರಿಕ್ಷಾದಲ್ಲಿ ಟೀಚರ್ ಮೆಲ್ಲಗೆ ಕೇಳಿದರು: "ಕಟ್ ಆಗುದಿಲ್ಲ ಅಲ್ವಾ?" ನನಗೆ ತಿಳಿದಿರಲಿಲ್ಲ.

ಫೆಬ್ರವರಿಯಲ್ಲಿ ಹೋದರೆ ಅಲ್ಲಿ ಬಯಲು. ಬಿಲ್ಡಿಂಗಿನ ಕೆಲಸ ಮುಗಿದು ಗುಡಿಸಲುಗಳು ಎದ್ದುಹೋಗಿದ್ದವು. ಮಲ್ಲವ್ವನ ಗಂಡ ಕಳಂಬೋಲಿಯ ಕಬ್ಬಿಣದ ಮಾರ್ಕೆಟ್ಟಿಗೆ ಲೋಡಿಂಗ್ ಕೆಲಸಕ್ಕೆ ಹೋದನೆಂದು ಕಿರಾಣಿ ಅಂಗಡಿಯವನು ಹೇಳಿದ. ಗಣತಿ ಮುಗಿಯಲು ಎರಡೇ ದಿನ ಉಳಿದಿತ್ತು.

"ಅಲ್ಲಿಯವರು ಬರೆದಿರ್ತಾರೆ ಟೀಚರ್."

"ಬರಿಯದಿದ್ರೆ?"

ಬಸ್ಸು ಬದಲಿಸಿ ಕಳಂಬೋಲಿಗೆ ಹೋದೆವು. ಲಾರಿಗಳ ಹಿಂದಿನ ಗುಡಿಸಲು ಸಾಲಿನಲ್ಲಿ ಆ ಬಾಗಿಲು ದೂರದಿಂದಲೇ ಕಂಡಿತು: ತಗಡಿನ ಮೇಲೆ ಟೀಚರ ಕೈಬರಹದ 47. ಮಳೆಗಾಲವಿಡೀ ಮಲ್ಲವ್ವ ಅದಕ್ಕೆ ಪ್ಲಾಸ್ಟಿಕ್ ಕಟ್ಟಿ ಕಾಪಾಡಿದ್ದಳಂತೆ. ಉಳಿದ ತಗಡುಗಳನ್ನು ಬಿಟ್ಟು ಇದೊಂದನ್ನು ಹೊತ್ತು ತಂದಿದ್ದಳು.

"ಇಲ್ಲಿ ಬರ್ಕೊಂಡು ಹೋದ್ರಾ?" ಟೀಚರ ಮೊದಲ ಮಾತು.

"ಒಬ್ಬ ಮಾಸ್ತರ್ ಬಂದಿದ್ರಿ. ನಾ ಏನ್ ಕಮ್ಮಿ? ಬಾಗಲಾ ತೋರ್ಸಿದೆ. ನಮ್ದು ಆಗ್ಯಾದ್ರಿ ಅಂದೆ. ಸುಮ್ನ ಹೋದ್ರು!"

ಟೀಚರ ಫಾರ್ಮು ಅವರಿಗೆ ವಹಿಸಿದ ಹಳ್ಳಿಗೆ ಮಾತ್ರ. ಇಲ್ಲಿಯವರನ್ನು ಅದರಲ್ಲಿ ಬರೆಯುವಂತಿಲ್ಲ. ಟೀಚರ್ ಸೆರಗಿನ ತುದಿಯನ್ನು ಕೊಡದ ನೀರಲ್ಲಿ ಅದ್ದಿ ಬಾಗಿಲು ಒರೆಸತೊಡಗಿದರು.

"ಅಳಸಬ್ಯಾಡ್ರಿ ಅಕ್ಕೋರೆ!" ಮಲ್ಲವ್ವ ಅವರ ಕೈ ಹಿಡಿದಳು. "ನಮ್ದು ಅಂದಿದ್ರಲ್ರಿ!"

"ಇದಿದ್ರೆ ಆ ಮಾಸ್ತರ್ ನಿಮ್ಮನ್ನು ಬರಿಯುದಿಲ್ಲ, ಮಾರಾಯ್ತಿ."

ಈಗಲೂ ನನ್ನ ಕಣ್ಣ ಮುಂದೆ 4 ಅಳಿದು 7 ಉಳಿದ ಒಂದು ಬಾಗಿಲಿದೆ. ತೀರಾ ಕಥೆಯಂತಿರುವುದರಿಂದ ಅದನ್ನು ನಾನೇ ನಂಬುವುದಿಲ್ಲ. ಸೆರಗು ಕೆಂಪಾದದ್ದು ಮಾತ್ರ ನಿಜ. ಹತ್ತಿರದ ಗಣತಿ ಆಫೀಸಿನಲ್ಲಿ ಟೀಚರ್ ಐವರ ಹೆಸರನ್ನೂ ಚೀಟಿಯಲ್ಲಿ ಬರೆದುಕೊಟ್ಟರು. ಅಲ್ಲಿದ್ದವನು ಮರಾಠಿಯಲ್ಲಿ, ನೋಡೋಣ ಎಂದ.

ಟೀಚರನ್ನು ಕೊನೆಯ ಬಾರಿ ಕಂಡದ್ದು ಠಾಕುರ್ಲಿ ಸ್ಟೇಷನ್ನಿನಲ್ಲಿ, ನಿವೃತ್ತರಾದ ಮೇಲೆ. ಕ್ಷೇಮಸಮಾಚಾರ ಮುಗಿಯುವ ಮೊದಲೇ ಹಳೆಯ ಪ್ರಶ್ನೆ ಬಂತು.

"ಆ ಮಾಸ್ತರ್ ಪುನಃ ಬಂದಿರಬಹುದು ಅಲ್ವಾ?"

"ಖಂಡಿತ ಬಂದಿರ್ತಾರೆ ಟೀಚರ್."

ಅವರು ನನ್ನ ಮುಖವನ್ನೇ ನೋಡಿದರು. ಗಾಡಿ ಬಂದು ನಿಂತಿತು.

"ನೀನೂ ಪಾಠ ಓದಿದಂಗೆ ಮಾತಾಡ್ತೀಯಲ್ಲ," ಎಂದು ಗಾಡಿ ಹತ್ತಿದರು.