ರಾಹುಕಾಲದಲ್ಲಿ ಅಲ್ಲಾಡದ ಜೀಪು

ನೋಡ್ರಪ್ಪಾ, ಈವತ್ತು ಹ್ಯಾಂಡ್‌ಪೋಸ್ಟ್ ಸರ್ಕಲ್ಲಿನಲ್ಲಿ ನಮ್ಮಕ್ಕ ಬಸ್ಸಿನಡಿಗೆ ಹೋಗುವುದು ಸ್ವಲ್ಪದರಲ್ಲಿ ತಪ್ಪಿತು. ಜನ ನಡೆಯುವ ಜಾಗದಲ್ಲಿ ಒಬ್ಬ ಹೊಸ ಜೀಪಿಗೆ ಪೂಜೆ ಮಾಡಿ, ಚಕ್ರಕ್ಕೆ ನಿಂಬೆಹಣ್ಣು ಇಟ್ಟು ನಿಲ್ಲಿಸಿದ್ದ. ಕೋಲೂರಿಕೊಂಡು ಬಂದ ಅಕ್ಕ ವಿಧಿಯಿಲ್ಲದೆ ರಸ್ತೆಗಿಳಿದಳು. ಬಸ್ಸು ಅವಳ ಸೆರಗು ಸವರಿಕೊಂಡೇ ಹೋಯಿತು.

“ತೆಗಿಯಯ್ಯಾ ಗಾಡೀನ!” ಎಂದೆ.

“ರಾವುಕಾಲ ಕಣಜ್ಜ, ಮುಗಿಯೋಗಂಟ ಅಲ್ಲಾಡಿಸಂಗಿಲ್ಲ” ಎಂದ.

ಸಿಟ್ಟು ನೆತ್ತಿಗೇರಿ ನೇರ ಪೊಲೀಸ್ ಠಾಣೆಗೆ ಹೋದೆ. ದಾರಿಗೆ ಅಡ್ಡ ನಿಲ್ಲಿಸಿದ ಗಾಡಿಗೆ ದಂಡ ಹಾಕಬಹುದು, ಎಳೆದೊಯ್ಯಲೂಬಹುದು ಎಂದು ಪೇದೆಯೇ ಒಪ್ಪಿಕೊಂಡ. “ಅಂಗಾದ್ರೆ ನಡೀರಿ” ಎಂದರೆ, ಗಡಿಯಾರ ನೋಡಿ, “ಪೂಜೆ ಮಾಡಿರೋ ಗಾಡಿ ಯಜಮಾನ್ರೇ, ರಾವುಕಾಲ ಕಳೀಲಿ, ಬತ್ತೀನಿ ಬುಡಿ” ಎನ್ನಬೇಕೆ!

ದೂರು ಬರೆದುಕೊಟ್ಟೇ ಬಂದೆ, ರಾಹುಕಾಲದಲ್ಲೇ. ಜೀಪಿಗೂ ಕಾನೂನಿಗೂ ಕಾಯಲು ಪುರುಸೊತ್ತಿದೆ. ಆ ಬಸ್ಸು ಮಾತ್ರ ಪಂಚಾಂಗ ನೋಡದೆ ಬಂದಿತ್ತು.