ಗಡಿಯಲ್ಲಿ ಮಗಳು, ಬೆಂಡೆ ಸಾಲಿನಲ್ಲಿ ಉಚ್ಚಂಗೆವ್ವ

ಹಾವೇರಿ ಬಳಿಯ ಅಗಡಿಯ ಹೊಲಗಳ ಮೇಲೆ ಇನ್ನೂ ಪೂರ್ತಿ ಬೆಳಕು ಹರಿದಿಲ್ಲ. ಬೆಂಡೆ ಸಾಲುಗಳ ನಡುವೆ ಉಚ್ಚಂಗೆವ್ವ ಆಗಲೇ ಸೊಂಟ ಬಗ್ಗಿಸಿ ನಿಂತಿದ್ದಾರೆ. ಸೀರೆಯ ಮೇಲೆ ಗಂಡನ ಹಳೆಯ ತುಂಬುತೋಳಿನ ಅಂಗಿ, ತಲೆಗೆ ಟವೆಲ್ಲು, ಕೊರಳಲ್ಲಿ ದಾರಕ್ಕೆ ಕಟ್ಟಿದ ಪುಟ್ಟ ಬಟ್ಟೆಚೀಲ. ಅಂಗಿ ಏಕೆಂದರೆ ಬೆಂಡೆ ಎಲೆ ತಾಗಿದರೆ ಮೈ ದಿನವಿಡೀ ತುರಿಸುತ್ತದೆ. ಚೀಲದಲ್ಲಿರುವುದು ಮೊಬೈಲು. ಇವತ್ತು ಭಾನುವಾರ, ಗಡಿ ಕಾಯುವ ಪಡೆಯಲ್ಲಿ ಕಾನ್‌ಸ್ಟೆಬಲ್ ಆಗಿರುವ ಮಗಳು ಸುರೇಖಾ ಜಮ್ಮುವಿನ ಕಡೆಯಿಂದ ಫೋನು ಮಾಡುವ ದಿನ. ನಸುಕಿನಲ್ಲೇ ಬರುತ್ತಿದ್ದ ಫೋನು ಇವತ್ತು ಬಂದಿಲ್ಲ.

"ಬರತೈತಿ ತಗೋರಿ," ಎನ್ನುತ್ತಾರೆ ಉಚ್ಚಂಗೆವ್ವ, ಯಾರೂ ಕೇಳದಿದ್ದರೂ. ಆಮೇಲೆ ಒಂದು ಮೊಗ್ಗಿನ ಮೇಲಿನ ಕೆಂಪು ಕಾಗದದ ಟೊಪ್ಪಿಗೆಯನ್ನು ಮೆಲ್ಲಗೆ ಎತ್ತಿ ಒಳಗೆ ಇಣುಕುತ್ತಾರೆ. ಉಸಿರು ಬಿಡುತ್ತಾರೆ. "ಸ್ವಚ್ಛ ಐತಿ," ಎಂದು ತಮಗೆ ತಾವೇ ಹೇಳಿಕೊಂಡು ಮುಂದಿನ ಗಿಡಕ್ಕೆ ಹೋಗುತ್ತಾರೆ. ಪ್ರತಿ ಗಿಡದ ಮುಂದೆಯೂ ಇದೇ ಇಣುಕು, ಇದೇ ಉಸಿರು, ಇದೇ ಮಾತು. ಪಕ್ಕದ ಸಾಲಿನ ಹುಡುಗಿಯರು ಇವರನ್ನು ಹಿಂದೆ ಹಾಕಿ ಎಷ್ಟೋ ದೂರ ಹೋಗಿದ್ದಾರೆ. "ದೊಡ್ಡವ್ವಾ, ಹೂವಿಗೆ ನಾಚಿಕಿ ಬರತೈತಿ, ಹಂಗ ನೋಡಬ್ಯಾಡ!" ಎಂದು ಕಿಚಾಯಿಸುತ್ತಾರೆ. ಈಕೆ ನಗುವುದಿಲ್ಲ.

ರಾಣೆಬೆನ್ನೂರು, ಹಾವೇರಿ ಸೀಮೆಯಲ್ಲಿ ಇದನ್ನು ಕ್ರಾಸಿಂಗ್ ಕೆಲಸ ಎನ್ನುತ್ತಾರೆ. ಎರಡು ತಳಿ ಕೂಡಿಸಿ ಹೊಸ ಬೀಜ ಮಾಡುವ ಈ ಕೆಲಸವನ್ನು ಹೆಚ್ಚಾಗಿ ಹೆಂಗಸರೇ ಮಾಡುತ್ತಾರೆ. ನಾಳೆ ಅರಳಬೇಕಾದ ಮೊಗ್ಗನ್ನು ಇವತ್ತು ಸಂಜೆಯೇ ಉಗುರಿನಿಂದ ಸೀಳಬೇಕು. ಒಳಗಿನ ಹಳದಿ ಪುಡಿಯ ಕಾಳುಗಳನ್ನೆಲ್ಲ ಕೆರೆದು ತೆಗೆದು ಟೊಪ್ಪಿಗೆ ಹಾಕಬೇಕು. ಬೆಳಿಗ್ಗೆ ಆ ಟೊಪ್ಪಿಗೆ ತೆಗೆದು, ಬೇರೆ ತಾಕಿನಿಂದ ಗಂಡು ತಳಿಯ ಹೂವು ತಂದು ಸವರಿ, ಗುರುತಿಗೆ ದಾರ ಕಟ್ಟಬೇಕು. ಸಂಜೆ ಪುಡಿ ತೆಗೆಯದೆ ಬಿಟ್ಟರೆ ಹೂವು ತನ್ನದೇ ಪುಡಿಯಿಂದ ಕಾಯಿ ಕಟ್ಟುತ್ತದೆ. ಕಾಯಿ ನೋಡಲು ಚಂದವೇ ಇರುತ್ತದೆ, ಬೀಜ ಮಾತ್ರ ಕೆಟ್ಟಿರುತ್ತದೆ. ಅಂಥ ನಾಲ್ಕು ಕಾಯಿ ಬೆರೆತರೂ ಕೊಳ್ಳುವ ಕಂಪನಿಯವರು ಇಡೀ ಹೊಲದ ಬೀಜವನ್ನು ವಾಪಸು ಕಳಿಸುತ್ತಾರೆ. ಉಚ್ಚಂಗೆವ್ವ ದಿನಕ್ಕೆ ಐದಾರು ನೂರು ಹೂವು ಮುಟ್ಟುತ್ತಾರೆ. ಬಲಗೈ ಹೆಬ್ಬೆರಳಿನ ಉಗುರೊಂದನ್ನು ಮಾತ್ರ ಉದ್ದ ಬಿಟ್ಟಿದ್ದಾರೆ, ಅದೇ ಅವರ ಕತ್ತಿ.

ಸುರೇಖಾಳಿಗೂ ಅಂಥ ಒಂದು ಉಗುರಿತ್ತು. ಶಾಲೆಯ ರಜೆಯಲ್ಲೆಲ್ಲ ತಾಯಿಯ ಪಕ್ಕದ ಸಾಲು ಅವಳದೇ. ಹಾವೇರಿಯ ಕಾಲೇಜಿಗೆ ಹೋಗುವಾಗ ನಸುಕಿನಲ್ಲಿ ರಸ್ತೆಗುಂಟ ಓಡುವ ಅಭ್ಯಾಸ ಹಚ್ಚಿಕೊಂಡಳು. ಓಡಿ ಬಂದು, ಹೂವಿಗೆ ದಾರ ಕಟ್ಟಿ, ಆಮೇಲೆ ಬಸ್ಸು ಹಿಡಿಯುವಳು. ಪಡೆಗೆ ಆಯ್ಕೆಯಾದ ಸುದ್ದಿ ಬಂದ ದಿನ ತಂದೆ ಜಟ್ಟೆಪ್ಪ ಊಟ ಬಿಟ್ಟು ಎದ್ದರು. ಬ್ಯಾಡಗಿಯ ಮೆಣಸಿನಕಾಯಿ ಪೇಟೆಯಲ್ಲಿ ಚೀಲ ಹೊರುವ ಗಟ್ಟಿ ಆಳು ಅವರು. "ಹೆಣ್ಣ ಹುಡುಗಿ ಬಂದೂಕ ಹಿಡಕೊಂಡ ನಿಲ್ಲೂದಂದ್ರ ಏನು? ನಾ ಒಲ್ಲೆ," ಎಂದುಬಿಟ್ಟರು. ಎರಡು ದಿನ ಹೀಗೇ ಕಳೆಯಿತು. ಕೊನೆಗೆ ಹೂಂ ಅಂದದ್ದು ಉಚ್ಚಂಗೆವ್ವ.

"ಆಕಿ ನನ್ನ ಮಾರಿ ನೋಡಿದ್ಳರಿ. ನಾ ಹೋಗವಾ ಅಂದೆ. ಇವರು ಹೊಳ್ಳಿ ನನ್ನ ನೋಡಿದ್ರು. ಆವತ್ತಿನಿಂದ ಆಕಿಗೆ ಏನಾದ್ರೂ ಅದು ನನ್ನ ತಲಿ ಮ್ಯಾಲ," ಎನ್ನುತ್ತಾರೆ.

ತರಬೇತಿಗೆ ಸೇರಿದ ಮೊದಲ ದಿನವೇ ಆ ಉಗುರನ್ನು ಕತ್ತರಿಸಿ ಹಾಕಿಸಿದರಂತೆ. ಅದನ್ನು ಸುರೇಖಾ ಫೋನಿನಲ್ಲಿ ನಗುತ್ತ ಹೇಳಿದಳು. ತಾಯಿಗೆ ಯಾಕೋ ಆ ರಾತ್ರಿ ಅನ್ನ ಸೇರಲಿಲ್ಲ.

ಹೋದ ವರ್ಷ ಮೇ ತಿಂಗಳಲ್ಲಿ ಗಡಿಯಲ್ಲಿ ಕಾಳಗ ಶುರುವಾದಾಗ ಹೊಲದಲ್ಲಿ ಹೀಗೆಯೇ ಬೆಂಡೆ ಹೂವಿನ ಸುಗ್ಗಿ. "ಫೋನ ಬರಲಿಲ್ಲಂದ್ರ ಅಂಜಬ್ಯಾಡ ಯವ್ವಾ, ನಮ್ಮ ಫೋನೆಲ್ಲಾ ಇಸಗೊಂಡ ಇಟ್ಟಿರ್ತಾರ," ಎಂದು ಸುರೇಖಾ ಮೊದಲೇ ಹೇಳಿದ್ದಳು. ಹೇಳಿದ್ದೇನೋ ಹೌದು, ಆದರೆ ಫೋನು ನಿಜವಾಗಿಯೂ ನಿಂತಾಗ ಆ ಮಾತು ಯಾವ ಕೆಲಸಕ್ಕೂ ಬರಲಿಲ್ಲ. ಜಟ್ಟೆಪ್ಪ ಪೇಟೆಗೆ ಹೋಗುವುದು ಬಿಟ್ಟು ಟಿವಿ ಮುಂದೆ ಕೂತರು. ಟಿವಿಯಲ್ಲಿ ಕತ್ತಲ ಆಕಾಶ, ಬೆಂಕಿಯ ಗೆರೆಗಳು, ಮೇಲಿಂದ ಮೇಲೆ ಸೈರನ್ನಿನ ಕೂಗು. ಅದು ಅಲ್ಲಿಯ ಸೈರನ್ನೋ ಟಿವಿಯವರೇ ಹಾಕಿದ್ದೋ ತಿಳಿಯದು. ಹೆಂಡತಿ ಬಾಗಿಲಲ್ಲಿ ನಿಂತರೆ ಗಂಡ ತಿರುಗಿ ನೋಡುತ್ತಿರಲಿಲ್ಲ. ನೀನೇ ಕಳಿಸಿದ್ದು ಎಂದು ಅವರು ಬಾಯಿಬಿಟ್ಟು ಹೇಳಲಿಲ್ಲ, ಹೇಳಿಬಿಟ್ಟಿದ್ದರೆ ಒಳ್ಳೆಯದಿತ್ತು ಎಂದು ಉಚ್ಚಂಗೆವ್ವನಿಗೆ ಈಗಲೂ ಅನಿಸುತ್ತದೆ.

ಓಣಿಯ ಹೆಂಗಸರು ಒಬ್ಬೊಬ್ಬರಾಗಿ ಬಂದು ಕುಂತು, ಮುಖ ನೋಡಿ, ನಿಟ್ಟುಸಿರು ಬಿಟ್ಟು ಹೋದರು. ಮೂರನೆಯ ದಿನ ಮಧ್ಯಾಹ್ನ ನೆರೆಮನೆಯಾಕೆ ಸಿದ್ದವ್ವ ಬುಟ್ಟಿಯಲ್ಲಿ ರೊಟ್ಟಿ, ಪಲ್ಯ ಕಟ್ಟಿಕೊಂಡು ಬಂದಳು. "ಒಲಿ ಹಚ್ಚಿರಾಕಿಲ್ಲ ಅಂತ ತಂದೇನಿ, ಎರಡ ತುತ್ತ ಉಣ್ಣ ಯವ್ವಾ," ಅಂದಳು. ಪಾಪ, ಅವಳ ಮನಸ್ಸಿನಲ್ಲಿ ಏನೂ ಕೆಟ್ಟದ್ದಿರಲಿಲ್ಲ. ಆದರೆ ಈ ಊರುಗಳಲ್ಲಿ ನೆರೆಯವರು ಹಾಗೆ ರೊಟ್ಟಿ ಬುಟ್ಟಿ ತರುವುದು ಸಾವಾದ ಮನೆಗೆ. ಬುಟ್ಟಿ ಕಂಡದ್ದೇ ಉಚ್ಚಂಗೆವ್ವ ಎದ್ದು ಬಾಗಿಲಿಗೆ ಅಡ್ಡ ನಿಂತರು.

"ಬುಟ್ಟಿ ಹೊಸ್ತಿಲಾ ದಾಟಾಕ ಬಿಡಲಿಲ್ರಿ ನಾನು. ಒಯ್ಯಿ, ಒಯ್ಯಿ ಅಂತ ಚೀರಿದೆ. ಒಳಗ ಹೋಗಿ ಒಲಿ ಹಚ್ಚಿದೆ. ಏನೂ ಬೇಯ್ಸೂದಿರಲಿಲ್ಲ, ಬರೇ ನೀರ ಇಟ್ಟೆ. ಹೊಗಿ ಹೊರಗ ಕಾಣಬೇಕಿತ್ತು, ಅಷ್ಟ."

ನೀರು ಕುದಿಯುತ್ತಿದ್ದ ಹಾಗೆಯೇ ಬಿಟ್ಟು ಹೊಲಕ್ಕೆ ಬಂದರು. ಅವತ್ತು ಸಂಜೆ ಮೊಗ್ಗು ಬಿಡಿಸಿದ್ದು ನೆನಪಿದೆ, ಟೊಪ್ಪಿಗೆ ಹಾಕಿದ್ದು ನೆನಪಿದೆ, ಸಾಲಿನ ಕೊನೆ ಮುಟ್ಟಿದ್ದೂ ನೆನಪಿದೆ. ಮರುದಿನ ಬೆಳಿಗ್ಗೆ ಗಂಡು ಹೂವಿನ ಬುಟ್ಟಿ ಹಿಡಿದು ಬಂದು ಮೊದಲ ಟೊಪ್ಪಿಗೆ ಎತ್ತಿದರು. ಒಳಗೆಲ್ಲ ಹಳದಿ. ಪುಡಿಯ ಕಾಳುಗಳು ಇದ್ದಲ್ಲೇ ಒಡೆದು ಹೂವಿನ ತುದಿಗೆ ಮೆತ್ತಿಕೊಂಡಿವೆ. ಎರಡನೆಯದನ್ನು ಎತ್ತಿದರು, ಅದೂ ಹಳದಿ. ಮೂರನೆಯದೂ. ಸಾಲುಗಟ್ಟಲೆ ಮೊಗ್ಗುಗಳಿಗೆ ಒಳಗೆ ಏನನ್ನೂ ತೆಗೆಯದೆ ಬರೀ ಟೊಪ್ಪಿಗೆ ಹಾಕುತ್ತ ಹೋಗಿದ್ದರು. ಸುರೇಖಾ ಹುಟ್ಟುವ ಮೊದಲಿನಿಂದ ಈ ಕೆಲಸ ಮಾಡಿದ ಕೈ ಅದು.

ಜೊತೆಗಾತಿ ಮಹಮೂದಾಬೇಗಂ ಪಕ್ಕದ ಸಾಲಿನಲ್ಲಿದ್ದರು. ಕರ್ಜಗಿಯಿಂದ ಬಸ್ಸು ಹಿಡಿದು ಬರುವ ಅವರು ಉಚ್ಚಂಗೆವ್ವನೊಂದಿಗೆ ವರ್ಷಾನುಗಟ್ಟಲೆ ಸಾಲು ಹಂಚಿಕೊಂಡವರು. ಗೆಳತಿ ಸಾಲಿನ ನಡುವೆ ಕುಸಿದು ಕೂತದ್ದನ್ನು ಕಂಡು ಓಡಿ ಬಂದರು. "ಫೋನ್ ಬಂತೇನಕ್ಕಾ?" ಎಂದು ಕೇಳಿದರು. ಉಚ್ಚಂಗೆವ್ವ ಕೈಯಲ್ಲಿದ್ದ ಹೂವು ತೋರಿಸಿದರು. ಅದರ ಮೇಲೆ ಗಂಡು ಹೂವು ಸವರಿ ದಾರ ಕಟ್ಟಿಬಿಟ್ಟಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ, ಕಾಯಿ ಒಣಗಿ ಬೀಜ ಬಿತ್ತಿ ಗಿಡ ಎದ್ದಾಗಲೇ ಗೊತ್ತಾಗಬೇಕು. ಯಾರಾದರೂ ಕಂಡರೇನೋ ಎಂದು ಮಹಮೂದಾಬೇಗಂ ಅತ್ತಿತ್ತ ನೋಡಿದರು. ಆಗ ಉಚ್ಚಂಗೆವ್ವ ಎದ್ದು ಬದುವಿನ ಕಡೆ ತಿರುಗಿ, ಹೊಲದ ಯಜಮಾನ ನಿಜಲಿಂಗಪ್ಪನವರನ್ನು ಕೂಗಿ ಕರೆದರು.

"ನಾ ಅದನ್ನ ಮುಚ್ಚಿ ಇಟ್ಟಿದ್ರ, ಅಲ್ಲಿ ಆಕಿಗೆ ಏನಾರ ಆಗತಿತ್ತು ಅನಸ್ತರಿ. ಎಲ್ಲಿಂದ ಎಲ್ಲಿಗೆ ಗಂಟ ಹಾಕ್ತಾಳ ಅಂತೀರಿ. ಅಂಜಿಕಿಗೆ ಬುದ್ಧಿ ಎಲ್ಲೈತಿ?"

ನಿಜಲಿಂಗಪ್ಪ ಬಂದು ನೋಡಿದರು, ಸಿಟ್ಟು ನೆತ್ತಿಗೇರಿತು. "ಹೊಸಬ್ರು ಮಾಡಿದ್ರ ಮಾತ ಬ್ಯಾರೆ. ನೀನ ಹಿಂಗ ಮಾಡಿದ್ರ ನಾ ಯಾರನ್ನ ನಂಬಲಿ ಉಚ್ಚಂಗೀ?" ಎಂದು ಕೂಗಾಡಿದರು. "ಮಗಳ ಫೋನಿಲ್ರಿ ಗೌಡ್ರ," ಎಂದು ಮಹಮೂದಾಬೇಗಂ ನಡುವೆ ಹೇಳಿದರು. ನಿಜಲಿಂಗಪ್ಪ ಚಪ್ಪಲಿ ಬದುವಿನ ಮೇಲೆ ಬಿಟ್ಟು ಸಾಲಿಗಿಳಿದರು. ಆ ಬೆಳಿಗ್ಗೆ ಮೂವರೂ ಕೂಡಿ ಕೆಟ್ಟ ಹೂವುಗಳನ್ನೆಲ್ಲ ಕಿತ್ತು ಹಾಕಿದರು.

ಕಾಳಗ ನಿಂತಿತೆಂದು ಟಿವಿಯಲ್ಲಿ ಹೇಳಿದ ಮೇಲೂ ಒಂದಿಡೀ ದಿನ ಫೋನಿಲ್ಲ. ಆ ದಿನವೇ ಎಲ್ಲಕ್ಕಿಂತ ಕಠಿಣವಾಗಿತ್ತು ಎನ್ನುತ್ತಾರೆ ಉಚ್ಚಂಗೆವ್ವ. ಊರವರೆಲ್ಲ ಹಗುರಾಗಿ ತಮ್ಮ ತಮ್ಮ ಕೆಲಸಕ್ಕೆ ಹೋಗಿದ್ದರು, ಈಕೆಯೊಬ್ಬರೇ ಉಳಿದಿದ್ದರು. ಅದರ ಮರುದಿನ ಬೆಳಿಗ್ಗೆ ಜಟ್ಟೆಪ್ಪ ಊರಿನಿಂದ ಹೊಲದವರೆಗೆ ಬರಿಗಾಲಲ್ಲಿ ಓಡಿ ಬಂದರು, ಕೈಯಲ್ಲಿ ಮೊಬೈಲು. ಹೆಂಡತಿಯ ಕೈಗೆ ಹೂವಿನ ಪುಡಿ ಮೆತ್ತಿತ್ತು. ಅವರೇ ಫೋನನ್ನು ಆಕೆಯ ಕಿವಿಗೆ ಹಿಡಿದು ನಿಂತರು.

"ಯವ್ವಾ, ಬೆಂಡಿ ಎಲ್ಲಿಗೆ ಬಂತು?" ಎಂದು ಕೇಳಿದಳು ಸುರೇಖಾ.

"ಚಲೋ ಐತವಾ. ನೀ ಹೆಂಗದೀ?"

"ಇಲ್ಲಿ ಏನೂ ಇಲ್ಲ ಯವ್ವಾ. ಟಿವಿಯಾಗ ಸುಳ್ಳ ಹೇಳತಾರ. ನೀ ಅಂಜಿದ್ದೇನು?"

"ನಾ ಯಾಕ ಅಂಜಲಿ?" ಎಂದರು ಉಚ್ಚಂಗೆವ್ವ.

ಆ ವರ್ಷ ಗಣೇಶನ ಹಬ್ಬಕ್ಕೆ ಸುರೇಖಾ ರಜೆಯಲ್ಲಿ ಬಂದಳು. ಮುಂಗಾರಿನ ಬೆಂಡೆಯಲ್ಲಿ ತಾಯಿಯ ಜೊತೆ ಸಂಜೆ ಮೊಗ್ಗು ಬಿಡಿಸಲು ನಿಂತಳು. ಉಗುರಿಲ್ಲದ ಬೆರಳಲ್ಲಿ ಕೆಲಸ ಸಾಗದೆ ಬೈಸಿಕೊಂಡಳು, ನಕ್ಕಳು. ಅಷ್ಟರಲ್ಲಿ ಊರ ಕಡೆಯಿಂದ ಗಣಪನ ಮೆರವಣಿಗೆಯ ಪಟಾಕಿ ಸರ ಸಿಡಿಯಿತು. ಉಚ್ಚಂಗೆವ್ವನಿಗೆ ಮುಂದಿನದು ಗೊತ್ತಾಗುವ ಮೊದಲೇ ಮುಖ ಮಣ್ಣಿನಲ್ಲಿತ್ತು. ಮೇಲೆ ಮಗಳ ಮೈ, ಕುತ್ತಿಗೆಯ ಹಿಂದೆ ಮಗಳ ಕೈ. ಆ ಕೈ ತಾಯಿಯ ತಲೆಯನ್ನು ನೆಲಕ್ಕೆ ಒತ್ತಿ ಹಿಡಿದಿತ್ತು, ಸಡಿಲವಾಗಲೇ ಇಲ್ಲ. ಬೆನ್ನ ಮೇಲೆ ಮಗಳ ಎದೆ ಬಡಿದುಕೊಳ್ಳುವುದು ತಾಯಿಗೆ ಕೇಳುತ್ತಿತ್ತು.

ಪಟಾಕಿ ನಿಂತ ಎಷ್ಟೋ ಹೊತ್ತಿಗೆ ಸುರೇಖಾ ಎದ್ದು ಬಟ್ಟೆ ಕೊಡವಿದಳು. "ಕಾಲ ಜಾರಿತವಾ," ಅಂದಳು.

"ಹೌದವಾ, ನೆಲ ಹಸಿ ಐತಿ," ಅಂದರು ತಾಯಿ. ನೆಲ ಒಣಗಿ ಬಿರುಕು ಬಿಟ್ಟಿತ್ತು.

"ಇಲ್ಲಿ ಏನೂ ಇಲ್ಲ ಅಂತ ಫೋನಿನಾಗ ಹೇಳಿದ್ಳಲ್ರಿ, ಏನೇನ ಇತ್ತು ಅಂತ ಆವತ್ತ ತಿಳೀತು ನನಗ," ಎನ್ನುತ್ತಾರೆ ಉಚ್ಚಂಗೆವ್ವ. ಹೇಳುತ್ತಲೇ ಕೈ ತಾನಾಗಿ ಕುತ್ತಿಗೆಯ ಹಿಂದಕ್ಕೆ ಹೋಗುತ್ತದೆ.

ರಜೆ ಮುಗಿದು ಹಾವೇರಿ ಸ್ಟೇಷನ್ನಿನಲ್ಲಿ ರೈಲು ಹತ್ತುವಾಗ ಮಗಳು ಎಂದಿನಂತೆ ತಾಯಿಯ ಮುಖವನ್ನೇ ನೋಡಿದಳು. ಈ ಸಲ ಉಚ್ಚಂಗೆವ್ವ ಹೋಗವಾ ಅನ್ನಲಿಲ್ಲ. ರೈಲು ಕದಲಿತು. ಜಟ್ಟೆಪ್ಪ ಹತ್ತು ಹೆಜ್ಜೆ ಜೊತೆಗೇ ನಡೆದು, "ಹೋಗಿ ಬಾರವಾ!" ಎಂದು ದೊಡ್ಡದಾಗಿ ಕೂಗಿದರು. ಇಷ್ಟು ವರ್ಷದಲ್ಲಿ ಅವರು ಆ ಮಾತು ಹೇಳಿದ್ದು ಅದೇ ಮೊದಲು. "ಈಗ ಅಂಜಿಕಿ ಇಬ್ಬರದೂ ಆಗೈತ್ರಿ. ಕಡಿಮಿ ಏನ ಆಗಿಲ್ಲ. ಆದ್ರ ಒಬ್ಬಾಕಿನ ಹೊರೂದು ತಪ್ಪೇತಿ," ಎನ್ನುತ್ತಾರೆ ಉಚ್ಚಂಗೆವ್ವ.

ಹೂವು ಕೆಟ್ಟ ಆ ದಿನದಿಂದ ಇಂದಿನವರೆಗೆ ಟೊಪ್ಪಿಗೆಯೊಳಗೆ ಇಣುಕುವ ಚಟ ಬಿಟ್ಟಿಲ್ಲ. ಸಂಜೆ ಹಾಕುವಾಗ ಒಮ್ಮೆ, ಬೆಳಿಗ್ಗೆ ತೆಗೆಯುವಾಗ ಒಮ್ಮೆ. ಕೆಲಸ ನಿಧಾನ. ನಿಜಲಿಂಗಪ್ಪ ಮಾತ್ರ ಏನೂ ಅನ್ನುವುದಿಲ್ಲ, ಪ್ರತಿ ಹಂಗಾಮಿಗೆ ಮೊದಲು ಹೇಳಿ ಕಳಿಸುವುದು ಇವರಿಗೇ.

ಬಿಸಿಲು ಏರುತ್ತಿದೆ. ಹೂವು ಬಾಡುವ ಮೊದಲು ಸಾಲು ಮುಗಿಯಬೇಕು. ಉಚ್ಚಂಗೆವ್ವನ ಕಣ್ಣು ಗಳಿಗೆಗೊಮ್ಮೆ ಕೊರಳ ಚೀಲಕ್ಕೆ ಹೋಗುತ್ತದೆ. ಈಗ ಅವರು "ಬರತೈತಿ ತಗೋರಿ" ಎನ್ನುವುದನ್ನೂ ನಿಲ್ಲಿಸಿದ್ದಾರೆ. ಏನು ಬೇಕು ನಿಮಗೆ ಎಂದು ಕೇಳಿದರೆ ಕೈಯಲ್ಲಿದ್ದ ಹೂವಿಗೆ ದಾರ ಕಟ್ಟಿ ಮುಗಿಸುತ್ತಾರೆ. "ಏನೂ ಬ್ಯಾಡ್ರಿ. ನಾವಿಬ್ಬರೂ ಒಬ್ಬರಿಗೊಬ್ಬರು ಸುಳ್ಳ ಹೇಳೂದು ನಿಂತ್ರ ಸಾಕು. ಆಕಿ ಏನೂ ಇಲ್ಲ ಅಂತಾಳ, ನಾ ಅಂಜಿಲ್ಲ ಅಂತೇನಿ. ಫೋನ ಇಟ್ಟ ಮ್ಯಾಲ ಇಬ್ಬರೂ ಬ್ಯಾರೆ ಬ್ಯಾರೆ ಕಡೆ ನಡಗತೇವಿ."

ಆಗ ಚೀಲದಲ್ಲಿ ಫೋನು ಹೊಡೆದುಕೊಳ್ಳುತ್ತದೆ. ಉಚ್ಚಂಗೆವ್ವ ಅಲ್ಲೇ ಕಂಬದಂತೆ ನಿಲ್ಲುತ್ತಾರೆ. ಕೈತುಂಬ ಹಳದಿ ಪುಡಿ. ಮಹಮೂದಾಬೇಗಂ ಸಾಲು ದಾಟಿ ಓಡಿಬಂದು, ಚೀಲದಿಂದ ತೆಗೆದು, ಗುಂಡಿ ಒತ್ತಿ ಗೆಳತಿಯ ಬಾಯಿಯ ಹತ್ತಿರ ಹಿಡಿಯುತ್ತಾರೆ. ಹಳೆಯ ಫೋನು, ಮಾತು ಪಕ್ಕದವರಿಗೂ ಕೇಳುತ್ತದೆ.

"ಯವ್ವಾ, ತಡಾ ಆತು. ಡ್ಯೂಟಿ ಬದಲಿ ಆಗಿತ್ತು. ಇಲ್ಲಿ ಏನೂ ಇಲ್ಲ. ನೀ ಅಂಜಿಲ್ಲಲ್ಲ?"

ಉಚ್ಚಂಗೆವ್ವ ಮಹಮೂದಾಬೇಗಂ ಮುಖ ನೋಡುತ್ತಾರೆ. ಅಂಗಿಯ ತೋಳಿನಿಂದ ಕಣ್ಣು ಒರೆಸಿಕೊಳ್ಳುತ್ತಾರೆ.

"ಅಂಜೇನವಾ," ಎನ್ನುತ್ತಾರೆ. "ಬೆಳಗಿನಿಂದ ಜೀವ ಕೈಯಾಗ ಹಿಡಕೊಂಡ ನಿಂತೇನಿ."

ಲೈನು ಕಡಿಯಿತೇನೋ ಎಂದು ಮಹಮೂದಾಬೇಗಂ ಫೋನನ್ನು ತಿರುಗಿಸಿ ನೋಡುತ್ತಾರೆ. ಆಮೇಲೆ ಸಣ್ಣ ದನಿಯೊಂದು, ಶಾಲೆಗೆ ಹೋಗುವ ಹುಡುಗಿಯ ದನಿಯಂಥದ್ದು, ಬೆಂಡೆ ಸಾಲಿನಲ್ಲಿ ಕೇಳಿಸುತ್ತದೆ.

"ನಾನೂ ಯವ್ವಾ."

"ಹೇಳು," ಎನ್ನುತ್ತಾರೆ ಉಚ್ಚಂಗೆವ್ವ, ಸಾಲಿನ ನಡುವೆ ಕೂತುಕೊಳ್ಳುತ್ತ. "ನನ್ನ ಮುಂದ ಹೇಳು. ಇಲ್ಲಿ ಯಾರಿಲ್ಲ, ಬರೇ ಬೆಂಡಿ ಐತಿ."