ನೋರಾ ಬೇಡವೆಂದ ದೋಸೆ

ಇವತ್ತು ಕಾವಲಿಗೆ ತುಪ್ಪ ಬಿದ್ದು ಘಮ್ಮೆಂದಾಗ ಚಿಕ್ಕಂದಿನಲ್ಲಿ ನಾವಿದ್ದ ಸ್ಯಾನ್ ಮಟಿಯೋ ಊರಿನ ಹಳೆಯ ಅಪಾರ್ಟ್‌ಮೆಂಟು ನೆನಪಾಯಿತು. ಕೆಳಗಿನ ಮನೆಯಲ್ಲಿ ಐರ್ಲೆಂಡಿನಿಂದ ಬಂದ ಸಂಸಾರವೊಂದಿತ್ತು. ಛಾವಣಿ ಹೊದಿಸುವ ಕೆಲಸದ ಆ ಮನೆಯ ಯಜಮಾನ ಬಿದ್ದು ಸೊಂಟ ಮುರಿದುಕೊಂಡ ಮೇಲೆ, ಅವರ ಅಡುಗೆಮನೆಯಿಂದ ಆಲೂಗಡ್ಡೆ ಬೇಯುವ ವಾಸನೆಯೂ ನಿಂತುಹೋಗಿತ್ತು. ಅವರ ಮಗಳು ನೋರಾ ನನ್ನ ಕ್ಲಾಸಿನವಳು.

ಒಂದು ಸಂಜೆ ಅವಳು ಆಡಲು ಬಂದಾಗ ಹುಬ್ಬಳ್ಳಿಯ ನಮ್ಮವ್ವ ದೋಸೆ ಹಾಕಿ ಅವಳಿಗೆ ಕೊಡೆಂದು ನನ್ನ ಕೈಲಿ ಕಳಿಸಿದಳು. ನೋರಾ ತಟ್ಟೆಯನ್ನೇ ನೋಡುತ್ತಾ "ನೋ, ಥ್ಯಾಂಕ್ಸ್" ಎಂದಳು. ನಾನು ಅವಳೆದುರೇ ತಿಂದು ಮುಗಿಸಿದೆ.

ಅವಳು ಹೋದ ಮೇಲೆ ಅವ್ವ ಕೇಳಿದಳು, "ಎಷ್ಟ್ ಸಲ ಕೇಳಿದಿ?"

"ಒನ್ಸ್. ಶೀ ಸೆಡ್ ನೋ."

"ಮೊದಲ್ನೇ ಸಲಕ್ಕ ಯಾರರೆ ಹೂಂ ಅಂತಾರೇನು? ಅಕಿ ಅವ್ವನೂ ನಮ್ಮಂಗ. ಮೂರನೇ ಸಲ ಕೇಳಿದ ಮ್ಯಾಲ ಚಾ ತೊಗೋತಾಳ."

ಮರುದಿನ ಶಾಲೆಯಿಂದ ಬಂದವಳೇ ದೋಸೆ ಕಟ್ಟಿಸಿಕೊಂಡು ಕೆಳಗೆ ಓಡಿದೆ. ಬಾಡಿಗೆ ಏರಿಸಿದ್ದರೆಂದು ಅವರು ಬೆಳಿಗ್ಗೆಯೇ ಮನೆ ಖಾಲಿ ಮಾಡಿದ್ದರು. ಎಲ್ಲಿಗೆ ಹೋದರೆಂದು ಯಾರಿಗೂ ಗೊತ್ತಿರಲಿಲ್ಲ. ಅವರ ಬಾಗಿಲಲ್ಲಿ ಕುಳಿತು ಪೊಟ್ಟಣ ಬಿಚ್ಚಿದೆ. ತಿನ್ನದೆ ಮತ್ತೆ ಹಾಗೇ ಕಟ್ಟಿಕೊಂಡು ಮೇಲೆ ಹತ್ತಿದೆ.

ಇವತ್ತು ಮಗಳ ಗೆಳತಿಗೆ ಮೂರನೇ ಸಲ ತಟ್ಟೆ ಚಾಚಿದಾಗ ಮಗಳು ನನ್ನ ಕೈ ಹಿಡಿದು ತಡೆದಳು.

"ಅಮ್ಮ, ಶೀ ಸೆಡ್ ನೋ."